ಗೇಟಿನ ಹೊರಗಿನ ಜಗಲಿ

ಆಲ್ಕೊಳ, ಶಿವಮೊಗ್ಗ
14 ನವೆಂಬರ್ 2024, ಗುರುವಾರ

ಸುದರ್ಶನ,

ಪ್ರೀತಿಯ ಎಂದು ಬರೆಯಲು ಕೈ ಬರಲಿಲ್ಲ. ಬರೀ ಹೆಸರು ಬರೆದರೆ ಕ್ಲಾಸಿನಲ್ಲಿ ಹಾಜರಿ ಕರೆದ ಹಾಗಿದೆ. ಇರಲಿ. ಫೋನಿನಲ್ಲಿ ನನ್ನ ಮಾತು ಮುಗಿಯುವ ಮೊದಲೇ ಇಟ್ಟುಬಿಡುತ್ತೀಯ, ಅದಕ್ಕೇ ಈ ಕಾಗದ. ನಮ್ಮ ಆಫೀಸಿನ ರಂಜಿನಿ ದಿನಾ ಭದ್ರಾವತಿಯಿಂದ ಓಡಾಡುತ್ತಾಳೆ, ಅವಳ ಕೈಯಲ್ಲಿ ಕಳಿಸುತ್ತಿದ್ದೇನೆ.

ಭಾನುವಾರ ಬಂದು ಅತ್ತೆಯನ್ನು ಆರೈಕೆ ಕೇಂದ್ರಕ್ಕೆ ಸೇರಿಸುತ್ತೇನೆ ಅಂದೆಯಲ್ಲ, ಆವತ್ತಿನಿಂದ ನನಗೆ ಕೂತಲ್ಲಿ ಕೂರಲಾಗುತ್ತಿಲ್ಲ, ನಿಂತಲ್ಲಿ ನಿಲ್ಲಲಾಗುತ್ತಿಲ್ಲ. ನಿನ್ನಮ್ಮನಿಗೆ ಮರೆವಿನ ಕಾಯಿಲೆ ಎಂದು ಯಾವ ಡಾಕ್ಟರು ಹೇಳಿದರು? ಬಡಾವಣೆಯ ವಾಟ್ಸಾಪ್ ಗುಂಪಿನ ಒಂದು ಫೋಟೊ ನೋಡಿ ನೀನೇ ತೀರ್ಮಾನ ಮಾಡಿಬಿಟ್ಟೆ. ಆ ಫೋಟೊದ ಕಥೆ ಕೇಳು.

ಅತ್ತೆ ಸಂಜೆ ವಾಕಿಂಗ್ ಹೋಗಿದ್ದರು. ಮಂಡಿ ನೋವು ಬಂತು. ಭದ್ರಾವತಿ ಹಳೇನಗರದ ನಿಮ್ಮ ಬೀದಿಯಾಗಿದ್ದರೆ ಯಾರದೋ ಜಗಲಿ ಮೇಲೆ ಕೂತು, ಆ ಮನೆಯವರ ಹತ್ತಿರ ನೀರು ಕೇಳಿ ಕುಡಿದು, ಪಕ್ಕದ ಮನೆಯ ಸೊಸೆಯ ಸುದ್ದಿಯನ್ನೂ ಕೇಳಿಕೊಂಡು ಬರುತ್ತಿದ್ದರು. ಇಲ್ಲಿ ಎಲ್ಲಿ ಕೂರಬೇಕು? ಸಾಲಾಗಿ ಕಾಂಪೌಂಡು, ಅದರ ಮೇಲೆ ಗಾಜಿನ ಚೂರು. ಪಾರ್ಕಿಗೆ ಬೀಗ. ಫುಟ್‌ಪಾತಿಗೆ ಬೇಲಿ ಹಾಕಿ ದಾಸವಾಳ ಬೆಳೆಸಿದ್ದಾರೆ. ಕೊನೆಗೆ ನಮ್ಮ ಸಂಘದ ಕಾರ್ಯದರ್ಶಿ ಶಶಿಧರ್ ಮನೆ ಮುಂದೆ, ಕಾರು ಹತ್ತಿಸುವ ಇಳಿಜಾರಿನ ಮೇಲೆ ಕೂತರು. ಯಾರು ಬೇಕಿತ್ತು ಎಂದರಂತೆ ಅವರು. ಯಾರೂ ಬೇಡಪ್ಪ, ಕೂತ್ಕೊಳ್ಳೋಕೆ ಬಂದೆ ಎಂದರಂತೆ ಅತ್ತೆ. ಅಷ್ಟಕ್ಕೇ ಶಶಿಧರ್ ಫೋಟೊ ತೆಗೆದು, ದಾರಿ ತಪ್ಪಿದ ಅಜ್ಜಿ, ಯಾರ ಮನೆಯವರು ಎಂದು ಗುಂಪಿಗೆ ಹಾಕಿದರು. ಅದು ಸುತ್ತಿ ಸುತ್ತಿ ನಿನಗೂ ಬಂತು.

ಯಾರನ್ನು ಬೈಯಲಿ? ಈ ಬಡಾವಣೆಯ ನಕ್ಷೆ ಬರೆದವಳು ನಾನೇ. ರಸ್ತೆ, ಚರಂಡಿ, ದೀಪದ ಕಂಬ, ಎಲ್ಲ ನಿಯಮದ ಪ್ರಕಾರ. ಓದುವಾಗ ಟೇಪು ಹಿಡಿದುಕೊಂಡು ನಿಮ್ಮ ಬೀದಿಗೇ ಬಂದು ಜಗಲಿಗಳ ಅಳತೆ ತೆಗೆದಿದ್ದೆನಲ್ಲ, ಹಾಗೆ ತಾನೆ ನೀನು ಗಂಟುಬಿದ್ದದ್ದು! ಜಗಲಿ ಮನೆಯವರದು, ಕೂರುವ ಹಕ್ಕು ಬೀದಿಯದು ಎಂದು ಪುಟಗಟ್ಟಲೆ ಬರೆದೆ. ಕೆಲಸಕ್ಕೆ ಸೇರಿದ ಮೇಲೆ ಎಷ್ಟು ಸೈಟು ಬರುತ್ತದೆ ಎಂದು ನೋಡಿದೆನೇ ಹೊರತು ಜನ ಎಲ್ಲಿ ಕೂರುತ್ತಾರೆ ಎಂದು ನೋಡಲಿಲ್ಲ. ಸುಸ್ತಾದ ಒಬ್ಬ ಮುದುಕಿಗೆ ಅರ್ಧ ಗಳಿಗೆ ಕೂರಲು ಜಾಗವಿಲ್ಲದ ಊರು ಕಟ್ಟಿದೆನಲ್ಲ ಎಂದು ಹೊಟ್ಟೆ ಉರಿಯುತ್ತದೆ.

ಅದಕ್ಕೆ ಹೋದ ತಿಂಗಳು ಮುಂದಿನ ಕಾಂಪೌಂಡು ಒಡೆಸಿದೆ. ಮೇಸ್ತ್ರಿ ನನ್ನ ಮುಖವನ್ನೇ ನೋಡುತ್ತ, ಗೇಟು ಎಲ್ಲಿಗೆ ಹಾಕ್ಲಿ ಮೇಡಂ ಎಂದು ಮತ್ತೆ ಮತ್ತೆ ಕೇಳಿದ. ಗೇಟನ್ನು ಹಿಂದಕ್ಕೆ ಸರಿಸಿ, ನಮ್ಮ ಸೈಟಿನೊಳಗೇ ರಸ್ತೆಗೆ ಮುಖ ಮಾಡಿ ಜಗಲಿ ಕಟ್ಟಿಸಿದೆ. ಕೆಂಪು ಗಾರೆ, ಒರಗಲು ಗೋಡೆ, ಮೇಲೊಂದು ತಗಡಿನ ಮಾಡು. ಹೂ ಮಾರುವವಳು ಬುಟ್ಟಿ ಇಳಿಸಿ ಸುಧಾರಿಸಿಕೊಳ್ಳುತ್ತಾಳೆ. ಕಂಡಕಂಡವರೆಲ್ಲ ಬಂದು ಕೂರ್ತಾರೆ ಎಂದು ಶಶಿಧರ್ ತಕರಾರು ಎತ್ತಿದರು. ಮಾರನೆಯ ದಿನ ಬಂದು ಕೂತದ್ದು ಅವರ ಅಮ್ಮ ಸುವರ್ಣಮ್ಮ! ಈಗ ಅವರೂ ಅತ್ತೆಯೂ ಸೇರಿ ಬಡಾವಣೆಯ ಸೊಸೆಯಂದಿರಿಗೆಲ್ಲ ಮಾರ್ಕ್ಸ್ ಕೊಡುತ್ತಾರೆ. ನನಗೆಷ್ಟು ಎಂದು ಕೇಳುವ ಧೈರ್ಯವಾಗಿಲ್ಲ.

ನಾವಿಬ್ಬರೂ ಬೇರೆಯಾದಾಗ, ನಿನ್ನ ಮೂರನೇ ಮಹಡಿ ಹತ್ತೋಕಾಗಲ್ಲ, ಚೈತನ್ಯಾ ಜೊತೆಗೇ ಇರ್ತೀನಿ ಎಂದವರು ಅತ್ತೆ. ಮಗನನ್ನು ಬಿಟ್ಟು ನನ್ನ ಹತ್ತಿರ ಬಂದವರನ್ನು ಯಾವುದೋ ಕೇಂದ್ರದ ಬೀಗದೊಳಗೆ ಬಿಡಲು ನನ್ನಿಂದಾಗದು. ಅವರಿಗೇನೂ ಆಗಿಲ್ಲ. ಊಟ, ನಿದ್ದೆ, ಜಪ ಎಲ್ಲ ಸರಿಯಾಗಿದೆ. ಹೇಳಿದ್ದನ್ನೇ ಹೇಳುತ್ತಾರೆ, ನಿಜ, ಈ ವಯಸ್ಸಿನಲ್ಲಿ ಯಾರು ಹೇಳುವುದಿಲ್ಲ? ಗ್ಯಾಸ್ ಹಚ್ಚಲು ನಾನೇ ಬಿಡುತ್ತಿಲ್ಲ, ಅದು ಬೇರೆ ವಿಷಯ. ಭಾನುವಾರ ನೀನು ಬರಬೇಡ.

ಇಂತಿ,
ಸಿಟ್ಟು ಇಳಿಯದ
ಚೈತನ್ಯಾ

ಮ.ವಿ.: ಕಾಗದ ಮಡಿಸಿಟ್ಟು, ಅತ್ತೆಗೆ ಕಾಫಿ ಕೊಡಲು ಜಗಲಿಗೆ ಹೋದೆ. ಲೋಟ ತೆಗೆದುಕೊಂಡು, ಯಾರ ಮನೆ ಹುಡುಗಿಯಮ್ಮ ನೀನು ಎಂದು ಕೇಳಿದರು. ಇದು ಮೊದಲ ಸಲವಲ್ಲ. ಅವರದೇ ಹೆಸರು ಹೇಳಿ, ಸತ್ಯಭಾಮಾ ಅವರ ಮನೆಯವಳು ಎಂದೆ. ನಿಂತೇ ಇದ್ದೀಯಲ್ಲ ಮಾರಾಯ್ತಿ, ಕೂತ್ಕೋ, ಇಲ್ಲಿ ಯಾರೂ ಏಳು ಅನ್ನಲ್ಲ ಎಂದು ಸರಿದು ಜಾಗ ಕೊಟ್ಟರು. ಪಕ್ಕದಲ್ಲಿ ಕೂತೆ, ಕಣ್ಣೀರು ತಡೆಯಲಾಗಲಿಲ್ಲ. ನೀನು ಹೇಳಿದ್ದೇ ಸರಿ, ಸುದರ್ಶನ. ಭಾನುವಾರ ಬಾ. ಅವರನ್ನು ಕರೆದುಕೊಂಡು ಹೋಗಲು ಬರಬೇಡ. ನನ್ನೊಬ್ಬಳಿಂದ ಆಗುತ್ತಿಲ್ಲ, ಇರಲು ಬಾ.