ನೀರಿನಡಿಯ ಬಾವಿ

ಹೊಸ ಕೆಂಚಗೇರಿ,
೧೬ ನವೆಂಬರ್ ೨೦೦೩

ಇಚಲಕರಂಜಿಯಲ್ಲಿರುವ ನಮ್ಮ ಮನೆಯವರಿಗೆ,

ದುಂಡವ್ವ ಮಾಡುವ ನಮಸ್ಕಾರ. ನಾನು ಆರಾಮ ಇದ್ದೇನೆ. ಪಾಲಿಗೆ ಮಾಡಿದ ಎರಡು ಎಕರೆಯಲ್ಲಿ ಜೋಳ ಮೊಳಕಾಲೆತ್ತರ ಬಂದಿದೆ. ನೀವು ಹೋದ ಐದು ವರ್ಷದಲ್ಲಿ ಇದು ನನ್ನ ಮೊದಲ ಪತ್ರ. ಬರೆಯಲು ಕಾರಣವಿದೆ. ಕಳೆದ ಮಂಗಳವಾರ ಕೋರ್ಟಿನ ತೀರ್ಪು ಬಂತು. ನಾವು ಗೆದ್ದೆವು.

"ನಾವು" ಎಂದು ಬರೆದು ಸ್ವಲ್ಪ ಹೊತ್ತು ಪೆನ್ನು ಎತ್ತಿ ಹಿಡಿದು ಕೂತಿದ್ದೆ. ಹೊಡೆದುಹಾಕಲಿಲ್ಲ.

ಜಗಳವಾದ ದಿನ ನೀವು ಮರೆತಿರಲಾರಿರಿ. ಆಣೆಕಟ್ಟಿನ ಹಿನ್ನೀರಿಗೆ ಹೋಗುವ ನಮ್ಮ ಆರು ಎಕರೆಯನ್ನು ಸರ್ಕಾರದವರು ಒಣಭೂಮಿ ಎಂದು ಬರೆದುಕೊಂಡು ಒಣಭೂಮಿಯ ಬೆಲೆಯನ್ನೇ ಕಟ್ಟಿದ್ದರು. ನೀವು ತೋಡಿದ ಬಾವಿಯ ನೀರಿನಲ್ಲಿ ಅರಿಶಿಣ, ಬಾಳೆ, ಕಬ್ಬು ಬೆಳೆದ ತೋಟಕ್ಕೆ! ಚೆಕ್ಕು ತೆಗೆದುಕೊಳ್ಳುವಾಗ ನಾನು ಸಹಿಯ ಮೇಲೆ "ತಕರಾರಿದೆ" ಎಂದು ಬರೆದೆ. ಕಚೇರಿಯ ಹೊರಗೆ ಬೇವಿನ ಮರದ ಕೆಳಗೆ ಎಲ್ಲರೆದುರು ನೀವು ಕೂಗಾಡಿದಿರಿ: "ಸರಕಾರದ ಕೂಡ ಕುಸ್ತಿ ಹಿಡೀತಿಯೇನ? ಕೊಟ್ಟಷ್ಟ ತಗೊಂಡ ಸುಮ್ನಿರು ಅಂದ್ರ ಕೇಳಂಗಿಲ್ಲ." ನಾನೂ ಬಿಡಲಿಲ್ಲ. "ನಮ್ಮಪ್ಪನ ಹೊಲ, ನನ್ನ ಹೆಸರಿಗೈತಿ, ನಾ ನೋಡ್ಕೋತೀನಿ" ಎಂದುಬಿಟ್ಟೆ. ಮನೆ ಅಳಿಯನಾಗಿ ಬಂದು ಇಪ್ಪತ್ತೆರಡು ವರ್ಷ ದುಡಿದವರಿಗೆ ಆ ಮಾತು ಎಲ್ಲಿ ನಾಟುತ್ತದೆಂದು ನನಗೆ ಗೊತ್ತಿತ್ತು. ಗೊತ್ತಿದ್ದೇ ಆಡಿದೆ. "ಹೊಲಾನೂ ನಿಂದ, ಮಾತೂ ನಿಂದ. ನಾ ಯಾಕ ಇಲ್ಲಿ?" ಎಂದು ನೀವು ಸಂಜೆಯ ಬಸ್ಸು ಹತ್ತಿದಿರಿ.

ಗಲಗಲಿ ವಕೀಲರು ಕೇಸು ಹಿಡಿದರು. ಈ ಜನವರಿಯಲ್ಲಿ ನನ್ನ ಸಾಕ್ಷಿ ಆಯಿತು. ಕಟಕಟೆಯೊಳಗೆ ನಿಂತೆ. ಸರ್ಕಾರಿ ವಕೀಲರು ಪಹಣಿ ಹಿಡಿದು ಕೇಳಿದರು, "ಇದರಾಗ ಬಾವಿ ಎಲ್ಲೈತೆವ್ವಾ? ತೋರಿಸು."

"ಕಾಗದದಾಗ ಇರಲಿಲ್ರಿ, ನೆಲದಾಗ ಇತ್ತು" ಎಂದೆ.

"ಈಗ ಎಲ್ಲೈತಿ?"

"ನೀವ ಮುಳುಗಿಸೀರಲ್ರಿ, ನಿಮಗ ಗೊತ್ತಿರಬೇಕು."

ನ್ಯಾಯಾಧೀಶರು ತಲೆ ತಗ್ಗಿಸಿ ನಕ್ಕಿದ್ದನ್ನು ನಾನು ನೋಡಿದೆ. ಆದರೆ ನಗುವಿನಿಂದ ಕೇಸು ಗೆಲ್ಲುವುದಿಲ್ಲ. ಬಾವಿ ಕಟ್ಟುಕಥೆ ಎಂದು ಸರ್ಕಾರಿ ವಕೀಲರು ವಾದಿಸಿದರು. ಬೇಸಿಗೆಯಲ್ಲಿ ನೀರು ಇಳಿದಾಗ ಹೊಲ ತೆರೆಯುತ್ತದೆ, ಕೋರ್ಟಿನಿಂದ ಒಬ್ಬರನ್ನು ಕಳಿಸಿ ನೋಡಿಸಿರಿ ಎಂದು ನಾನೇ ಗಲಗಲಿಯವರಿಗೆ ಹೇಳಿದೆ. ಅವರು ಅರ್ಜಿ ಹಾಕಿದರು, ಒಪ್ಪಿಗೆಯಾಯಿತು.

ಮೇ ತಿಂಗಳ ಎರಡನೇ ವಾರ ಕೋರ್ಟು ಕಳಿಸಿದ ಹುಡುಗಿ ವಕೀಲೆ ಅಳತೆಯ ಟೇಪು, ಕ್ಯಾಮೆರಾ ತಂದಳು. ಸರ್ಕಾರಿ ವಕೀಲರು ದಂಡೆಯ ಮೇಲೆ ನಿಂತು ಬೂಟು ಬಿಚ್ಚತೊಡಗಿದರು. "ಒಣಭೂಮಿ ಅಂತೀರಿ, ಮತ್ತ ಬೂಟ ಯಾಕ ಕಳೀತೀರಿ ಸಾಹೇಬ್ರ?" ಎಂದೆ. ಅವರು ಅಲ್ಲೇ ಉಳಿದರು. ಆ ಹುಡುಗಿ ಮಾತ್ರ ಚೂಡಿದಾರ ಮಡಚಿಕೊಂಡು ಮೊಳಕಾಲುದ್ದದ ರಾಡಿಯಲ್ಲಿ ನನ್ನ ಕೈ ಹಿಡಿದು ನಡೆದಳು. ದಾರಿಯಿಲ್ಲ, ಬದುವಿಲ್ಲ, ಗುರುತಿಗೆ ಒಂದು ಗಿಡವೂ ಇಲ್ಲ. ಎರಡು ಸಲ ದಿಕ್ಕು ತಪ್ಪಿದೆ. ಮೂರನೆಯ ಸಲ ಕಾಲಿಗೆ ಕಲ್ಲು ತಾಗಿತು.

ಕೈಯಿಂದ ರಾಡಿ ಬಳಿದೆವು. ನೀವು ಕಟ್ಟಿದ ಬಾವಿಯ ದಂಡೆಯ ಕಲ್ಲು ಒಂದೂ ಸರಿದಿರಲಿಲ್ಲ. ಪಂಪು ಕೂರಿಸಿದ ಸಿಮೆಂಟಿನ ಕಟ್ಟೆ ಇತ್ತು. ಪಂಪು ಬರುವ ಮೊದಲು ಎತ್ತು ಹೂಡಿ ನೀರು ಎತ್ತುತ್ತಿದ್ದೆವಲ್ಲ, ಹಗ್ಗ ತಿಕ್ಕಿ ಕಲ್ಲಿನಲ್ಲಿ ಬಿದ್ದ ಗೆರೆಗಳೂ ಇದ್ದವು. ಹುಡುಗಿ ಆ ಗೆರೆಯೊಳಗೆ ಬೆರಳಿಟ್ಟು, "ಇದು ಒಂದೆರಡು ವರ್ಷದ್ದಲ್ಲ ಅಮ್ಮಾ" ಎಂದಳು. ನಾನು ಅಲ್ಲೇ ರಾಡಿಯಲ್ಲಿ ಕೂತು ಅತ್ತೆ. ದುಃಖಕ್ಕಲ್ಲ.

ತೀರ್ಪನ್ನು ಗಲಗಲಿಯವರು ಕನ್ನಡದಲ್ಲಿ ಓದಿ ಹೇಳಿದರು. ಜಮೀನು ನೀರಾವರಿಯದು, ತೋಟದ ದರ ಬಡ್ಡಿ ಸಹಿತ ಕೊಡಬೇಕು ಎಂದಿದೆ. ದುಂಡವ್ವಳ ಮಾತು ನಂಬತಕ್ಕದ್ದು ಎಂದಿದೆ. ಬಾವಿಯನ್ನು ಆಕೆಯ ಗಂಡ ಭರಮಪ್ಪ ತೋಡಿದ್ದು ಎಂದೂ ಇದೆ. ಆ ಸಾಲನ್ನು ಎರಡು ಸಲ ಓದಿಸಿಕೊಂಡೆ. ನಮ್ಮ ತೀರ್ಪು ಹಿಡಿದುಕೊಂಡು ಅಕ್ಕಪಕ್ಕದ ಹನ್ನೊಂದು ಹೊಲದವರು ಈಗ ವಾದಿಸಲಿದ್ದಾರೆ. ಸರ್ಕಾರ ಹೈಕೋರ್ಟಿಗೆ ಹೋಗಬಹುದಂತೆ. ಹೋಗಲಿ. ಬಸ್ಸು ನನಗೂ ಇದೆ.

ಬೇವಿನ ಮರದ ಕೆಳಗೆ ನಾನು ಆಡಿದ್ದು ತಪ್ಪು. ಸಹಿಯ ಮೇಲೆ ಬರೆದದ್ದು ತಪ್ಪಲ್ಲ. ಇಷ್ಟನ್ನು ತಿಳಿಸಲು ಬರೆದೆ, ಕರೆಯಲು ಅಲ್ಲ. ಬರುವುದು ಬಿಡುವುದು ನಿಮ್ಮ ಮನಸ್ಸು.

ಇಂತಿ,
ದುಂಡವ್ವ

ತಾ.ಕ.: ಸಾಕ್ಷಿಯ ದಿನ ಕೋರ್ಟಿನ ಬಾಗಿಲ ಬಳಿ ಟವೆಲ್ಲು ಮುಸುಕು ಹಾಕಿ ನಿಂತವರು ನೀವೆಂದು ನನಗೆ ಗೊತ್ತು. ಎಡಗಾಲ ಮೇಲೆ ಭಾರ ಹಾಕಿ ನಿಲ್ಲುವವರು ನಮ್ಮ ಊರಲ್ಲಿ ಇನ್ನೊಬ್ಬರಿಲ್ಲ. ಸರ್ಕಾರಿ ವಕೀಲರು, "ತೋಡಿದ ಗಂಡ ಎಲ್ಲವ್ವಾ? ಬಿಟ್ಟು ಹೋಗ್ಯಾನಂತಲ್ಲ?" ಎಂದು ಕೇಳಿ ಎಲ್ಲರೂ ನಕ್ಕಾಗ ನೀವು ಮೆಟ್ಟಿಲಿಳಿದು ಹೋದಿರಿ. ನಾನು ಕೊಟ್ಟ ಉತ್ತರ ನಿಮಗೆ ಕೇಳಲಿಲ್ಲ. "ಹೌದ್ರಿ, ನನ್ನ ಬಿಟ್ಟು ಹೋಗ್ಯಾರ. ಬಾವಿ ತೋಡಿದವರೂ ಅವರ. ಎರಡೂ ಖರೇ ಐತಿ, ಎರಡೂ ಬರಕೋರಿ" ಎಂದೆ. ಬರೆದುಕೊಂಡರು.