ಮೊಂಜಿಯಾ ಅತ್ತೆಯ ಪಾತ್ರೆ

ವಜ್ದಿ,

ಕೋಣೆಯಿಂದ ಹೊರಗೆ ಬಂದು ಮೊದಲು ಊಟ ಮಾಡು. ನಿನ್ನೆಯ ಕುಸ್ಕುಸ್ ಫ್ರಿಜ್ಜಿನಲ್ಲಿದೆ, ಮೀನಿನ ದೊಡ್ಡ ತುಂಡು ನಿನಗೇ ಎತ್ತಿಟ್ಟಿದ್ದೇನೆ. ಬಿಸಿ ಮಾಡಿಕೊಳ್ಳಲು ಸೋಮಾರಿತನ ಬೇಡ. ಮಾಳಿಗೆಯ ಮೇಲೆ ಬಟ್ಟೆ ಒಣಗಿವೆ, ತಂದು ಮಡಿಸಿಡು.

ನಿನ್ನ ಫೋನು ರವೆ ಡಬ್ಬದ ಹಿಂದಿದೆ. ನಾನು ಅದನ್ನು ತೆರೆದು ನೋಡಿಲ್ಲ. ನಿನ್ನೆ ನಿನ್ನ ಮೊಂಜಿಯಾ ಅತ್ತೆ ಅದನ್ನು ಕಸಿದುಕೊಂಡು, ಆ ಹುಡುಗ ನಿನಗೆ ಬರೆದದ್ದನ್ನು ಊಟದ ನಡುವೆ ಎಲ್ಲರೆದುರು ಓದಿದ್ದೇ ಸಾಕು. "ನೋಡಣ್ಣಾ, ನಿನ್ನ ಮಗ ಹುಡುಗನ್ನ ಪ್ರೀತಿಸ್ತಾನಂತೆ!" ಅಂತ ನಕ್ಕಳಲ್ಲ, ಆ ನಗು ಇನ್ನೂ ನನ್ನ ಕಿವಿಯಲ್ಲಿದೆ. ಅದು ನಿನಗೆ ಹೇಳಬೇಕೆನಿಸಿದ ದಿನ ನಿನ್ನ ಬಾಯಿಂದಲೇ ನಾವು ಕೇಳಬೇಕಾಗಿದ್ದ ಮಾತು.

ನನಗೆ ಎಲ್ಲ ಅರ್ಥವಾಯಿತೆಂದು ಸುಳ್ಳು ಹೇಳುವುದಿಲ್ಲ. ಹೆದರಿಕೆಯಾಗಿದೆ. ನಿನ್ನ ಮೇಲೆ ಸಿಟ್ಟೂ ಇದೆ, ನನ್ನ ಹತ್ತಿರ ಹದಿನಾರು ವರ್ಷ ಏನನ್ನೂ ಮುಚ್ಚಿಡದವನು ಇದನ್ನು ಮುಚ್ಚಿಟ್ಟೆಯಲ್ಲ ಎಂದು. ಅಪ್ಪ ಬೆಳಿಗ್ಗೆ ಎಣ್ಣೆಗಾಣಕ್ಕೆ ಹೊರಟವರು ಬಾಗಿಲಲ್ಲಿ ನಿಂತು, "ಅವನು ಏನಾದ್ರೂ ತಿಂದ್ನಾ?" ಅಂತಷ್ಟೇ ಕೇಳಿದರು. ಸದ್ಯಕ್ಕೆ ಅಷ್ಟು ಸಾಕು ಅಂದುಕೋ.

ನಾನು ನಿನ್ನ ಅತ್ತೆಯ ಮನೆಗೆ ಹೊರಟಿದ್ದೇನೆ. ನಿನ್ನೆ ಅವಳು ಬಾದಾಮಿ ಸಿಹಿ ತಂದಿದ್ದ ಪಾತ್ರೆ ಹಿಂದಿರುಗಿಸಬೇಕು. ಇಪ್ಪತ್ತು ವರ್ಷದಲ್ಲಿ ಅವಳ ಪಾತ್ರೆಯನ್ನು ನಾನು ಬರಿದಾಗಿ ಕಳಿಸಿದವಳಲ್ಲ. ಮನೆಯಲ್ಲಿ ಏನೂ ಇಲ್ಲದ ದಿನವೂ ಒಂದು ಹಿಡಿ ಆಲಿವ್ ಕಾಯಿ ಹಾಕಿದ್ದೇನೆ, ನೀನೇ ಎಷ್ಟೋ ಸಲ ಕೊಟ್ಟು ಬಂದಿದ್ದೀಯ.

ಇವತ್ತು ತೊಳೆದು, ಒರೆಸಿ, ಖಾಲಿ ಪಾತ್ರೆ ಒಯ್ಯುತ್ತಿದ್ದೇನೆ. ಮುಚ್ಚಳ ಅವಳೇ ತೆಗೆದು ನೋಡಲಿ.

ಮುಳ್ಳು ನೋಡಿಕೊಂಡು ತಿನ್ನು.

ಅಮ್ಮ