ನಮ್ಮ ಪೈಪುಗಳಿಗೆ ಬೂಚು ಹಾಕಿಸಿದವರಿಗೆ

ಪುರಸಭೆಯ ಮಾನ್ಯ ಸಾಂಸ್ಕೃತಿಕ ಅಧಿಕಾರಿಗಳೇ,

ಶನಿವಾರ ಡೂಗಲ್ ರೆನ್ನಿಯ ಅಂತ್ಯಸಂಸ್ಕಾರದಲ್ಲಿ ನೀವು ತೋರಿಸಲಿರುವ ವಿಡಿಯೊದಲ್ಲಿ ಮುಖಗಳು ನಮ್ಮವು, ಸಂಗೀತ ನಮ್ಮದಲ್ಲ. ಇದು ನಿಮಗೆ ಗೊತ್ತು. ಇನ್ವರ್‌ಬ್ರೆಕ್‌ನ ಜನರಿಗೆ ಗೊತ್ತಿಲ್ಲ. ಅದಕ್ಕೇ ಪತ್ರಿಕೆಗೆ ಬರೆಯುತ್ತಿದ್ದೇನೆ.

ಈ ಊರಿನ ಮಕ್ಕಳಿಗೆ ಬ್ಯಾಗ್‌ಪೈಪ್ ಮತ್ತು ಡ್ರಮ್ ಕಲಿಸಿದವನು ಡೂಗಲ್. ಅವನ ಬ್ಯಾಂಡಿನಲ್ಲಿ ಒಂದು ಪದ್ಧತಿಯಿತ್ತು. ಹೊಸದಾಗಿ ಸೇರಿದವರ ಪೈಪಿನ ಕೊಳವೆಗಳಿಗೆಲ್ಲ ಬೂಚು ಹಾಕುತ್ತಿದ್ದ. ಮೊದಲ ವರ್ಷ ಅವರು ಸಾಲಿನಲ್ಲಿ ನಡೆಯಬೇಕು, ಬೆರಳಾಡಿಸಬೇಕು, ಸದ್ದು ಮಾತ್ರ ಮಾಡಬಾರದು. ಬೂಚು ತೆಗೆದ ದಿನ ಮನೆಯವರೆಲ್ಲ ಬರುತ್ತಾರೆ, ಮೀನು ಮತ್ತು ಹುರಿದ ಆಲೂಗಡ್ಡೆ ತಿನ್ನಿಸುತ್ತಾರೆ. ಹತ್ತು ವರ್ಷದ ಮೋರ್ವೆನ್‌ಳ ಬೂಚನ್ನು ಹೊಸ ಬಂದರುಕಟ್ಟೆ ಉದ್ಘಾಟನೆಯ ದಿನ ತೆಗೆಯುವುದೆಂದು ಡೂಗಲ್ ಹೇಳಿದ್ದ. ಅಷ್ಟರಲ್ಲಿ ಅವನಿಗೆ ಲಕ್ವ ಹೊಡೆಯಿತು. ಉದ್ಘಾಟನೆಗೆ ಅವನೇ ಕಟ್ಟಿದ ಹಾಡೊಂದನ್ನು ನುಡಿಸುತ್ತೇವೆ, ಆಸ್ಪತ್ರೆಯಲ್ಲಿ ಮಲಗಿದಲ್ಲೇ ಕೇಳು ಎಂದು ಮಾತು ಕೊಟ್ಟು ಬಂದಿದ್ದೆವು.

ಉದ್ಘಾಟನೆಯ ದಿನ ಬೆಳಿಗ್ಗೆ ನೀವು ಬಂದಿರಿ. ಗಾಳಿಯಿತ್ತು, ನೇರ ಪ್ರಸಾರವಿತ್ತು, ರಾಜಧಾನಿಯಿಂದ ಗಣ್ಯರು ಬಂದಿದ್ದರು. ನಮ್ಮ ಶ್ರುತಿ ಸೇರುತ್ತಿರಲಿಲ್ಲ, ನಿಜ. ಅದು ಯಾವತ್ತೂ ಪೂರ್ತಿ ಸೇರಿದ್ದಿಲ್ಲ.

"ಎಲ್ಲರೂ ಬೂಚು ಹಾಕ್ಕೊಳ್ಳಿ. ಸ್ಪೀಕರ್‌ನಲ್ಲಿ ಒಳ್ಳೇ ಬ್ಯಾಂಡಿನ ರೆಕಾರ್ಡಿಂಗ್ ಬರುತ್ತೆ," ಎಂದಿರಿ.

"ಮತ್ತೆ ನಾವು ಏನ್ಮಾಡೋದು?" ಎಂದು ಕೇಳಿದೆ.

"ಬೆರಳಾಡಿಸಿ. ಈ ಬಟ್ಟೇಲಿ ಎಷ್ಟು ಮುದ್ದಾಗಿ ಕಾಣ್ತೀರಿ ಗೊತ್ತಾ?"

ಮೋರ್ವೆನ್ ನನ್ನ ತೋಳು ಜಗ್ಗಿದಳು. "ಉನಾ, ಈಗ ಎಲ್ಲರೂ ಹೊಸಬರಾ?"

ಎಷ್ಟೊಂದು ಸಮಾನತೆ! ನಿಮ್ಮ ಇಲಾಖೆಯ ಧ್ಯೇಯವಾಕ್ಯದಲ್ಲಿ ಆ ಪದ ಇದೆಯಲ್ಲವೇ? ಡ್ರಮ್ಮಿನವರು ಚರ್ಮಕ್ಕೆ ತಾಗದಂತೆ ಕೋಲಾಡಿಸಿದರು. ನಾನೂ ಬೆರಳಾಡಿಸಿದೆ. ಜನ ಚಪ್ಪಾಳೆ ತಟ್ಟಿದರು. ನನಗೆ ನಾಚಿಕೆಯೂ ಆಗಲಿಲ್ಲ. ಮರುದಿನ ನಾನು ಕೆಲಸ ಮಾಡುವ ಮೀನಿನ ಗೋದಾಮಿನಲ್ಲಿ ಮಂಜುಗಡ್ಡೆಯೊಳಗೆ ಕೈಯಿಟ್ಟಾಗಲೂ ಏನೂ ಅನ್ನಿಸಲಿಲ್ಲ.

ಆಸ್ಪತ್ರೆಯಲ್ಲಿ ನಡೆದದ್ದನ್ನು ಡೂಗಲ್‌ನ ಹೆಂಡತಿ ಏಲ್ಸ್‌ಪೆತ್ ಹೇಳಿದಳು. ಅವನ ಕಿವಿಗೆ ಫೋನು ಹಿಡಿದು ನೇರ ಪ್ರಸಾರ ಕೇಳಿಸಿದ್ದಳಂತೆ.

"ಯಾರೇ ಇವರು?" ಎಂದನಂತೆ.

"ನಿನ್ನ ಹುಡುಗ್ರೇ ಕಣೋ."

"ಸುಳ್ಳು ಹೇಳ್ಬೇಡ. ನನ್ನ ಹುಡುಗ್ರು ಇಷ್ಟು ಚೆನ್ನಾಗಿ ನುಡಿಸಲ್ಲ." ಏಲ್ಸ್‌ಪೆತ್ ನಕ್ಕಳಂತೆ. ಅವನು ನಗಲಿಲ್ಲ. "ಮಕ್ಕಳನ್ನ ಎಲ್ಲಿಗೆ ಕಳಿಸಿಬಿಟ್ರು? ನುಡಿಸ್ತೀವಿ ಅಂದಿದ್ರಲ್ಲ," ಎಂದು ಸಂಜೆವರೆಗೂ ಕೇಳುತ್ತಲೇ ಇದ್ದನಂತೆ. ಎರಡು ದಿನಕ್ಕೆ ಹೋಗಿಬಿಟ್ಟ.

ಈಗ ನೀವು ಅಂತ್ಯಸಂಸ್ಕಾರಕ್ಕೆ ಪುರಭವನವನ್ನು ಉಚಿತವಾಗಿ ಕೊಟ್ಟಿದ್ದೀರಿ. ಗೌರವಪೂರ್ವಕವಾಗಿ ಉದ್ಘಾಟನೆಯ ಅದೇ ವಿಡಿಯೊ ಹಾಕಿಸುತ್ತೀರಂತೆ, ಮಕ್ಕಳಿಗೆ ತೊಂದರೆಯಾಗಬಾರದೆಂದು. ಸ್ವಾಮಿ, ನಮಗಾದ ತೊಂದರೆ ಯಾವುದೆಂದು ಒಮ್ಮೆಯಾದರೂ ಕೇಳಿದ್ದೀರಾ? ನಾನು ಹದಿನಾರಕ್ಕೆ ಶಾಲೆ ಬಿಟ್ಟವಳು. ಅಲ್ಲಿ ಗೊತ್ತಿಲ್ಲದ್ದನ್ನು ಗೊತ್ತಿದೆಯೆಂದು ತಲೆಯಾಡಿಸುವುದು ನನ್ನಿಂದಾಗಲಿಲ್ಲ. ಡೂಗಲ್‌ನ ಕೊಠಡಿಯಲ್ಲಿ ತಪ್ಪು ಸ್ವರ ತಪ್ಪಾಗಿಯೇ ಕೇಳಿಸುತ್ತಿತ್ತು. "ಹಾಳಾಗಿದೆ, ಮತ್ತೆ ಊದು," ಎನ್ನುತ್ತಿದ್ದ. ಅಷ್ಟು ನೇರವಾಗಿ ನನ್ನ ಜೊತೆ ಬೇರೆ ಯಾರೂ ಮಾತಾಡಿಲ್ಲ.

ಆ ವಿಡಿಯೊದಿಂದ ನಮ್ಮ ಬ್ಯಾಂಡಿನ ಹೆಸರು ತೆಗೆಯಿರಿ. ಅದರಲ್ಲಿ ನುಡಿಸಿದವರ ಹೆಸರು ಹಾಕಿ, ಅವರಿಗಾದರೂ ನ್ಯಾಯ ಸಿಗಲಿ. ಶನಿವಾರ ಸ್ಪೀಕರ್ ಹಚ್ಚಬೇಡಿ. ಡೂಗಲ್‌ನ ಹಾಡನ್ನು ನಾವೇ ನುಡಿಸುತ್ತೇವೆ. ಚೆನ್ನಾಗಿರುವುದಿಲ್ಲ. ಚೆನ್ನಾಗಿರಲೂಬಾರದು. ಪೆಟ್ಟಿಗೆಯೊಳಗೆ ಮಲಗಿರುವವನಿಗೆ ಯಾರು ಬಂದಿದ್ದಾರೆಂದು ಗೊತ್ತಾಗಬೇಕು.

ಇಂತಿ,
ಮುದ್ದಾಗಿ ಕಂಡವರಲ್ಲಿ ಒಬ್ಬಳು,
ಉನಾ ಗ್ಯಾಲ್‌ಬ್ರೇತ್